ಕುಣಿದವರು ಕೇಳುವ ಪ್ರಶ್ನೆ

ಟೀವಿ ನಿರೂಪಣೆಗೆ ಚೆಂದದ ಮುಖ, ಪಟಪಟ ಮಾತು ಸಾಕು ಎನ್ನುವವರು ಜನೆಟ್ ಮನ್ರಾರಾ ಅವರನ್ನು ನೋಡಬೇಕು. ಕ್ಯೂಬಾ ಮೂಲದ ಮನೆತನ, ಊರು ಮಯಾಮಿ. ಬ್ಯಾಂಕಿನಲ್ಲಿ ನೌಕರಿ, ಜೊತೆಗೆ ನೃತ್ಯ. 2009ರಲ್ಲಿ ಅಮೆರಿಕದ ‘ಸೋ ಯು ಥಿಂಕ್ ಯು ಕ್ಯಾನ್ ಡಾನ್ಸ್’ ಸ್ಪರ್ಧೆಗೆ ಇಳಿದರು. ಬ್ಯಾಂಕು ಹಿಂದೆ ಉಳಿಯಿತು. 2013ರಿಂದ ಬಿಬಿಸಿಯ ‘ಸ್ಟ್ರಿಕ್ಟ್ಲಿ ಕಮ್ ಡಾನ್ಸಿಂಗ್’ ನೃತ್ಯ ಸ್ಪರ್ಧೆಯಲ್ಲಿ ವೃತ್ತಿಪರ ನರ್ತಕಿ. ಅಲ್ಲಿ ತಾವು ಕುಣಿದರಷ್ಟೇ ಸಾಲದು, ಹೆಜ್ಜೆಯ ಗಂಧವೇ ಇಲ್ಲದ ತಾರೆಯರನ್ನೂ ಶನಿವಾರದ ಪ್ರಸಾರದೊಳಗೆ ಕುಣಿಸಬೇಕು.

2021ರಲ್ಲಿ ಕಣ ಬಿಟ್ಟು, ಅದರದ್ದೇ ಜೊತೆ ಕಾರ್ಯಕ್ರಮ ‘ಇಟ್ ಟೇಕ್ಸ್ ಟೂ’ಗೆ ನಿರೂಪಕಿಯಾದರು. ವಾರದ ಸಂಜೆಗಳಲ್ಲಿ ಸ್ಪರ್ಧಿಗಳನ್ನು ಕೂರಿಸಿ ಮಾತಾಡಿಸುವ ಕೆಲಸ. ‘ಹೇಗನ್ನಿಸಿತು?’ ಎಂಬ ಸವಕಲು ಪ್ರಶ್ನೆ ಯಾರಿಗೆ ಬರುವುದಿಲ್ಲ? (ಕೆಲವರಿಗೆ ಅದೊಂದೇ ಬರುತ್ತದೆ.) ಸಾಂಬಾ ನೃತ್ಯದಲ್ಲಿ ಮಂಡಿ ಪುಟಿಯುವುದು ತಪ್ಪಿದರೆ ಸೊಂಟವೂ ತಾಳ ತಪ್ಪುತ್ತದೆ ಎಂಬುದು ಮೈಗೇ ಗೊತ್ತಿರುವವರು ಕೇಳುವ ಪ್ರಶ್ನೆಯೇ ಬೇರೆ. ಸ್ಪರ್ಧೆಯಿಂದ ಹೊರಬಿದ್ದವರು ಎದುರು ಕೂತಾಗಲೂ ಅಷ್ಟೆ. ಆ ಸೋಲಿನ ರುಚಿ ಜನೆಟ್ ಕೂಡ ಕಂಡದ್ದೇ.

ಅವರ ಉತ್ಸಾಹ ಒಮ್ಮೊಮ್ಮೆ ಅತಿಯಾಗುತ್ತದೆ, ನಿಜ. ಆದರೂ ಕುಣಿತದ ಬಗ್ಗೆ ಮಾತಾಡಿಸಲು ಕುಣಿದವರನ್ನೇ ಕೂರಿಸಿದ ಬಿಬಿಸಿಯ ಆಯ್ಕೆ ನೂರಕ್ಕೆ ನೂರು ಸರಿ.