64 ಚದರ ಕಿಲೋಮೀಟರ್ ರಣರಂಗ, 32 ಜಿಬಿ ಫೋನು

ಪಬ್‌ಜಿ ಮೊಬೈಲ್‌ನ ಭಾರತದ ಆವೃತ್ತಿಯಾದ ಬಿಜಿಎಂಐ ಆಟವನ್ನು ಒಬ್ಬರೇ ಆಡಬಹುದು, ಇಬ್ಬರೂ ಆಡಬಹುದು. ಆದರೆ ಅದಕ್ಕೆ ಕಳೆ ಕಟ್ಟುವುದು ನಾಲ್ವರ ಸ್ಕ್ವಾಡ್ ಕೂಡಿದಾಗಲೇ. ತೇರದಾಳ, ರಬಕವಿ, ಬನಹಟ್ಟಿ, ಜಮಖಂಡಿಯಂಥ ಊರುಗಳಲ್ಲಿ ಕಾಲೇಜು ಬಿಟ್ಟ ಮೇಲೆ, ಪವರ್‌ಲೂಮಿನ ಪಾಳಿ ಮುಗಿದ ಮೇಲೆ ಗುಡಿಕಟ್ಟೆಯಲ್ಲಿ ಫೋನು ಅಡ್ಡ ಹಿಡಿದು ಕೂತ ಹುಡುಗರು ನಾಲ್ಕು ನಾಲ್ಕು ಜನರ ಗುಂಪಾಗಿರುವುದು ಇದಕ್ಕೇ. ಹೊಸ ಅಪ್‌ಡೇಟ್ ಬಂದ ದಿನ ಈ ಗುಂಪು ಮುಕ್ಕಾಗುತ್ತದೆ. ಮೂವರ ಫೋನಿನಲ್ಲಿ ಆಟ ತೆರೆದುಕೊಂಡರೆ ಒಬ್ಬನದು ಜಾಗವಿಲ್ಲ ಎನ್ನುತ್ತದೆ. ‘ತಡೀರಲೇ, ಫೋಟೋ ಅಳಸಾಕತ್ತೀನಿ’ ಎಂದು ಅವನು ಗ್ಯಾಲರಿ ತೆಗೆಯುತ್ತಾನೆ. ಅಕ್ಕನ ಮದುವೆಯ ವಿಡಿಯೊ, ಜಾತ್ರೆಯ ಫೋಟೋ, ವಾಟ್ಸ್‌ಆ್ಯಪ್‌ನಲ್ಲಿ ಬಂದದ್ದೆಲ್ಲ ಒಂದೊಂದಾಗಿ ಹೋಗುತ್ತವೆ. ಅಷ್ಟಾದರೂ ಸಾಲದಿದ್ದರೆ ಆ ದಿನ ಪಕ್ಕದವನ ಪರದೆ ನೋಡುತ್ತ ಕೂರಬೇಕು.

ಈ ಆಟದ ಬಗ್ಗೆ ನಮ್ಮಲ್ಲಿ ನಡೆದ ಚರ್ಚೆಯೆಲ್ಲ ಚಟದ ಸುತ್ತಲೇ ನಡೆದಿದೆ. ಮಕ್ಕಳ ನಿದ್ದೆ, ಓದು, ಸಿಟ್ಟು ಎಲ್ಲವೂ ಬೇಕಾದ ಚರ್ಚೆಯೇ. 2022ರ ಜುಲೈ 28ರಂದು ಪ್ಲೇ ಸ್ಟೋರಿನಿಂದ ಕಣ್ಮರೆಯಾದ ಬಿಜಿಎಂಐ 2023ರ ಮೇ ತಿಂಗಳಲ್ಲಿ ಮರಳಿದಾಗ, 18 ವರ್ಷದೊಳಗಿನವರಿಗೆ ದಿನಕ್ಕೆ 3 ಗಂಟೆ, ಉಳಿದವರಿಗೆ 6 ಗಂಟೆ ಎಂಬ ಮಿತಿಯೂ ಜೊತೆಗೇ ಬಂತು. ಆಟ ನುಂಗುವ ಸಮಯಕ್ಕೆ ಹೀಗೆ ಲೆಕ್ಕ ಬಿತ್ತು. ಅದು ನುಂಗುವ ಜಾಗಕ್ಕೆ ಬೀಳಲಿಲ್ಲ. ನಾನು ಇಲ್ಲಿ ತೂಗಿ ನೋಡಲು ಹೊರಟದ್ದು ಆ ಜಾಗವನ್ನು. ಕಟ್ಟಿದವರ ಕಸುಬುದಾರಿಕೆ, ಆಡುವವರ ಬಗ್ಗೆ ಅವರಿಗಿರುವ ಗೌರವ ಎರಡೂ ಅಲ್ಲಿ ಚೆನ್ನಾಗಿ ಕಾಣುತ್ತವೆ.

ಮೊದಲು ಆಟದ ಹಿರಿಮೆಯನ್ನು ಒಪ್ಪಿಕೊಳ್ಳೋಣ. ಎರಂಗೆಲ್ ಎಂಬ ಅದರ ಹಳೆಯ ನಕ್ಷೆ ಉದ್ದ 8 ಕಿಲೋಮೀಟರ್, ಅಗಲ 8 ಕಿಲೋಮೀಟರ್. ತೇರದಾಳದಿಂದ ರಬಕವಿಯ ದಾರಿ ಹಿಡಿದು ಹೋದರೆ ಹೆಚ್ಚುಕಡಿಮೆ ಒಂದು ಬದಿ ಮುಗಿಯುತ್ತದೆ. ಅಷ್ಟೇ ದೂರ ಅಡ್ಡಕ್ಕೂ ನಡೆಯಬೇಕು. ಅದರಲ್ಲಿ ಊರುಗಳಿವೆ, ಸೇತುವೆಗಳಿವೆ, ಗದ್ದೆಗಳಿವೆ, ಗುಡ್ಡಗಳಿವೆ. 100 ಜನ ವಿಮಾನದಿಂದ ಜಿಗಿದು ತಮಗೆ ಬೇಕಾದಲ್ಲಿ ಇಳಿಯುತ್ತಾರೆ. ದೂರದ ಗುಡ್ಡದ ಮೇಲಿನ ಮನೆ ಬರೀ ಚಿತ್ರವಲ್ಲ, ನಡೆದು ಹೋಗಿ ಬಾಗಿಲು ತೆರೆದು ಒಳಗೆ ಅಡಗಬಹುದು. ಇಷ್ಟನ್ನು 2018ರಲ್ಲಿ ಒಂದು ಅಂಗೈ ಯಂತ್ರದೊಳಗೆ ಕೂಡಿಸಿದ್ದು ಸಾಮಾನ್ಯ ಸಾಧನೆಯಲ್ಲ. ಐರ್ಲೆಂಡಿನ ಬ್ರೆಂಡನ್ ಗ್ರೀನ್ ರೂಪಿಸಿದ ಪಬ್‌ಜಿ 2017ರಲ್ಲಿ ಕಂಪ್ಯೂಟರಿಗೆ ಬಂದಾಗ ಒಳ್ಳೆಯ ಗ್ರಾಫಿಕ್ಸ್ ಕಾರ್ಡು ಇದ್ದವರೇ ಅದನ್ನು ಆಡುತ್ತಿದ್ದರು. ಮುಂದಿನ ವರ್ಷ ಅದೇ ಎರಂಗೆಲ್ ನಮ್ಮ ಹುಡುಗರ ಜೇಬಿಗೆ ಬಂತು.

ಇಂಥ ಆಟದಲ್ಲಿ ಸರ್ವರಿನಿಂದ ಬರುವ ಮಾಹಿತಿ ಬಹಳ ಸಣ್ಣದು. ಯಾರು ಎಲ್ಲಿದ್ದಾರೆ, ಯಾವ ಕಡೆ ತಿರುಗಿದರು, ಗುಂಡು ಯಾರಿಗೆ ತಾಗಿತು ಎಂಬ ಅಂಕಿಗಳಷ್ಟೇ ಹೋಗಿ ಬರುತ್ತವೆ. ಅದಕ್ಕೇ ಅರ್ಧ ಗಂಟೆಯ ಒಂದು ಮ್ಯಾಚ್ ಕೆಲವು ಹತ್ತು ಎಂಬಿಯಲ್ಲಿ ಮುಗಿಯುತ್ತದೆ. ಗೋಡೆ, ಹುಲ್ಲು, ಬಂದೂಕು, ಬೂಟಿನ ಸಪ್ಪಳ ಎಲ್ಲವೂ ಮೊದಲೇ ಫೋನಿನಲ್ಲಿ ಕೂತಿರಬೇಕು. 100 ಜನರ ಆಟವಾದ್ದರಿಂದ ಎಲ್ಲರ ಬಳಿಯೂ ಒಂದೇ ಆವೃತ್ತಿ ಇರಬೇಕು. ಒಬ್ಬನ ಫೋನಿನಲ್ಲಿ ಇರುವ ಗೋಡೆ ಇನ್ನೊಬ್ಬನ ಫೋನಿನಲ್ಲಿ ಇಲ್ಲದಿದ್ದರೆ ಆಟವೇ ಸುಳ್ಳಾಗುತ್ತದೆ. ಒಬ್ಬನೇ ಕೂತು ಆಡುವ ಆಟದಲ್ಲಿ ಅಪ್‌ಡೇಟ್ ಬೇಡ ಎಂದು ಬಿಡಬಹುದು. ಇಲ್ಲಿ ಬಿಟ್ಟರೆ ಗೆಳೆಯರ ಜೊತೆಯೇ ತಪ್ಪುತ್ತದೆ.

ಹಾಗಾದರೆ ಭಾರವೆಲ್ಲ ಆ 64 ಚದರ ಕಿಲೋಮೀಟರಿನದೇ? ಅಲ್ಲ. ಬನಹಟ್ಟಿಯ ನೇಕಾರರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಜಕಾರ್ಡಿನ ತೂತಿನ ಕಾರ್ಡುಗಳಲ್ಲಿ ಒಂದು ಬಳ್ಳಿಯ ವಿನ್ಯಾಸ ಒಮ್ಮೆ ಕೊರೆದಿಟ್ಟರೆ ಸೀರೆಯ ಉದ್ದಕ್ಕೂ ಅದೇ ಬಳ್ಳಿ ಮರಳಿ ಮರಳಿ ಮೂಡುತ್ತದೆ. ಸೀರೆ ಉದ್ದವಾದರೆ ನೂಲು ಹೆಚ್ಚು ಬೇಕು, ಕಾರ್ಡು ಹೆಚ್ಚು ಬೇಕಾಗಿಲ್ಲ. ಎರಂಗೆಲ್‌ನ ಮನೆಗಳೂ ಹಾಗೇ. ಕೆಲವೇ ನಮೂನೆಯ ಮನೆ, ಮರ, ಬೇಲಿಗಳನ್ನು ಬೇರೆ ಬೇರೆ ಕಡೆ ನಿಲ್ಲಿಸಿದ್ದಾರೆ. ಯಾವ ಮನೆ ಎಲ್ಲಿ, ಯಾವ ದಿಕ್ಕಿಗೆ ಎಂಬ ಪಟ್ಟಿ ತೀರ ಹಗುರ. ನಕ್ಷೆ ದೊಡ್ಡದಾದ ಮಾತ್ರಕ್ಕೆ ಫೈಲು ದೊಡ್ಡದಾಗುವುದಿಲ್ಲ.

ತೂಕ ಹೆಚ್ಚಿಸುವುದು ವಸ್ತುಗಳ ಮೈಗೆ ಹೊದಿಸುವ ಚಿತ್ರಗಳು, ಅಂದರೆ ಟೆಕ್ಸ್ಚರ್‌ಗಳು. 2048 ಬಿಂದು ಉದ್ದ, 2048 ಬಿಂದು ಅಗಲದ ಒಂದು ಚಿತ್ರಕ್ಕೆ, ಬಿಂದುವಿಗೆ 4 ಬೈಟ್ ಹಿಡಿದರೆ, 16 ಎಂಬಿ ಬೇಕು. ಇನ್ನಷ್ಟು ನುಣುಪಾಗಲಿ ಎಂದು ಉದ್ದಗಲ ಇಮ್ಮಡಿ ಮಾಡಿದರೆ ತೂಕ ನಾಲ್ಕು ಪಟ್ಟಾಗಿ 64 ಎಂಬಿಗೆ ಏರುತ್ತದೆ. ಫೋನುಗಳು ಬಳಸುವ ಎಎಸ್‌ಟಿಸಿ ಎಂಬ ಸಂಕೋಚನ ವಿಧಾನದಲ್ಲಿ 8 ಬಿಂದು ಉದ್ದ, 8 ಬಿಂದು ಅಗಲದ ತುಂಡನ್ನು 16 ಬೈಟಿಗೆ ಇಳಿಸಿದರೆ ಅದೇ 16 ಎಂಬಿಯ ಚಿತ್ರ 1 ಎಂಬಿಗೆ ಬರುತ್ತದೆ. ಕಣ್ಣಿಗೆ ಸ್ವಲ್ಪ ಮಸುಕು ಕಂಡೀತು, ಅಷ್ಟೇ. ಎಷ್ಟು ಮಸುಕು ಸಾಕು ಎಂಬುದು ಕಟ್ಟುವವರ ತೀರ್ಮಾನ. ಅಂದರೆ ಆಟದ ತೂಕವನ್ನು ಯಂತ್ರವೊಂದೇ ನಿರ್ಧರಿಸುವುದಿಲ್ಲ. ಯಾರೋ ಕೂತು ಯೋಚಿಸಿ ನಿರ್ಧರಿಸಿರುತ್ತಾರೆ.

ಇನ್ನೊಂದು ಭಾರ ವೇಷಭೂಷಣದ್ದು. ಕಂಪನಿಗೆ ದುಡ್ಡು ಬರುವುದೇ ಸ್ಕಿನ್‌ಗಳಿಂದ. ಒಬ್ಬ ಆಟಗಾರ ಹಣ ಕೊಟ್ಟು ಹೊಳೆಯುವ ಉಡುಪು ಕೊಂಡರೆ ಅದು ಅವನ ಫೋನಿನಲ್ಲಿದ್ದರೆ ಸಾಲದು, ಎದುರಿಗೆ ಬರುವವರ ಫೋನಿನಲ್ಲೂ ಇರಬೇಕು. ಇಲ್ಲವಾದರೆ ಅವನು ಅವರಿಗೆ ಸಾದಾ ಅಂಗಿಯಲ್ಲೇ ಕಾಣುತ್ತಾನೆ. ಒಂದು ರೂಪಾಯಿಯನ್ನೂ ಖರ್ಚು ಮಾಡದ ಹುಡುಗ ಹೀಗೆ ಅಪರಿಚಿತರ ಉಡುಪುಗಳಿಗೆ ತನ್ನ ಫೋನಿನಲ್ಲಿ ಜಾಗ ಕೊಡುತ್ತಾನೆ. ಎರಡು ತಿಂಗಳಿಗೊಮ್ಮೆ ಹೊಸ ಥೀಮ್ ಬಂದಾಗಲೂ ಇದೇ ಕತೆ.

ಇಷ್ಟೆಲ್ಲ ಅಂದಚಂದವನ್ನು ಆಡುವವರು ನೋಡುತ್ತಾರೆಯೇ ಎಂದು ಕೇಳಿದರೆ ನನಗೆ ನಿಜಕ್ಕೂ ಬೇಸರವಾಗುತ್ತದೆ. ಗಂಭೀರವಾಗಿ ಆಡುವ ಯಾವ ಹುಡುಗನ ಸೆಟ್ಟಿಂಗ್ ತೆಗೆದು ನೋಡಿದರೂ ಬಹುಪಾಲು ಕಾಣುವುದು ‘ಸ್ಮೂತ್’ ಗ್ರಾಫಿಕ್ಸ್, ‘ಎಕ್ಸ್‌ಟ್ರೀಮ್’ ಫ್ರೇಮ್ ರೇಟ್. ಸ್ಮೂತ್ ಎಂದರೆ ತೀರ ಕೆಳಹಂತದ ಚಿತ್ರದ ಗುಣಮಟ್ಟ. ಎಕ್ಸ್‌ಟ್ರೀಮ್ ಎಂದರೆ ಸೆಕೆಂಡಿಗೆ 60 ಚಿತ್ರ. ಹುಲ್ಲಿನ ಎಸಳು, ನೆರಳಿನ ನವಿರು ಅವರಿಗೆ ಬೇಡ. ಗುರಿ ಹಿಡಿದಾಗ ಪರದೆ ತಡೆಯದೆ ಓಡಬೇಕು, ಎದುರಾಳಿಯ ಹೆಜ್ಜೆ ಎಡಗಿವಿಯಲ್ಲೋ ಬಲಗಿವಿಯಲ್ಲೋ ಎಂದು ತಿಳಿಯಬೇಕು. ಆಟದ ಸತ್ವ ಇರುವುದು ಅಲ್ಲಿ ಎಂದು ಆಡುವವರೇ ತೋರಿಸಿಕೊಟ್ಟಿದ್ದಾರೆ. 2021ರ ಜುಲೈ 2ರಂದು ಬಿಜಿಎಂಐ ಬಿಡುಗಡೆಯಾದಾಗ ಹಗುರ ಫೋನುಗಳಿಗೊಂದು, ಎಚ್‌ಡಿ ಬೇಕೆನ್ನುವವರಿಗೊಂದು ಎಂದು ಎರಡು ರಿಸೋರ್ಸ್ ಪ್ಯಾಕ್ ಇಟ್ಟಿದ್ದರು. ನಕ್ಷೆಗಳನ್ನೂ ಬೇರೆ ಬೇರೆಯಾಗಿ ಇಳಿಸಿಕೊಳ್ಳಬಹುದು. ಎರಂಗೆಲ್ ಇಟ್ಟುಕೊಂಡು ಮಿರಾಮಾರ್ ಬಿಡಬಹುದು, 2 ಕಿಲೋಮೀಟರ್ ಉದ್ದಗಲದ ಲಿವಿಕ್ ಒಂದೇ ಸಾಕು ಎನ್ನಬಹುದು. ದೊಡ್ಡ ಶೂಟರ್ ಆಟಗಳ ಪೈಕಿ ಈ ವಿಷಯದಲ್ಲಿ ಬಿಜಿಎಂಐ ಮೆಚ್ಚಬೇಕಾದ್ದು. ಮನೆಯಲ್ಲಿ ಎಷ್ಟು ಕೋಣೆ ಬೇಕು ಎಂದು ಕೇಳಿ ಕಟ್ಟುವ ಬುದ್ಧಿ ಅದಕ್ಕಿದೆ.

ಆದರೆ ಲೈಟ್ ಎಲ್ಲಿ? ಈ ಪ್ರಶ್ನೆ ಕೇಳದೆ ಮುಂದೆ ಹೋಗಲಾರೆ. 2019ರಲ್ಲಿ ಭಾರತಕ್ಕೆ ಬಂದ ಪಬ್‌ಜಿ ಮೊಬೈಲ್ ಲೈಟ್‌ನಲ್ಲಿ 60 ಆಟಗಾರರು, ಚಿಕ್ಕ ನಕ್ಷೆ, ಕಡಿಮೆ ರ್‍ಯಾಮ್‌ನಲ್ಲೂ ಓಡುವ ಗುಣ ಇದ್ದವು. ಜಿಗಿತ, ಹುಡುಕಾಟ, ಕುಗ್ಗುತ್ತ ಬರುವ ವೃತ್ತ, ಕೊನೆಯ ಕ್ಷಣದ ಎದೆಬಡಿತ ಎಲ್ಲವೂ ಅಲ್ಲಿಯೂ ಇದ್ದವು. 2020ರ ಸೆಪ್ಟೆಂಬರ್ 2ರಂದು ಕೇಂದ್ರ ಸರ್ಕಾರ 118 ಆ್ಯಪ್‌ಗಳನ್ನು ನಿಷೇಧಿಸಿದಾಗ ದೊಡ್ಡ ಪಬ್‌ಜಿಯ ಜೊತೆ ಲೈಟ್ ಕೂಡ ಹೋಯಿತು. ಮುಂದಿನ ವರ್ಷ ದಕ್ಷಿಣ ಕೊರಿಯಾದ ಕ್ರಾಫ್ಟನ್ ಹೊಸ ಹೆಸರಿನಲ್ಲಿ ದೊಡ್ಡದನ್ನು ತಂದಿತು, ಚಿಕ್ಕದನ್ನು ಜೊತೆಗೆ ತರಲಿಲ್ಲ. 2 ಜಿಬಿ ರ್‍ಯಾಮ್ ಇದ್ದರೆ ಸಾಕು ಎಂದು ಬರೆದದ್ದು ನಿಜ. ಆಟ ತೆರೆಯುವುದಕ್ಕೂ ಆಟ ಆಡುವುದಕ್ಕೂ ಇರುವ ಅಂತರ ಆ ಫೋನು ಹಿಡಿದವರಿಗೆ ಗೊತ್ತು.

ಆ ಖಾಲಿ ಜಾಗದಲ್ಲಿ ಗರೇನಾ ಕಂಪನಿಯ ಫ್ರೀ ಫೈರ್ ಬೆಳೆಯಿತು. 50 ಆಟಗಾರರು, ಹತ್ತು ನಿಮಿಷದ ಮ್ಯಾಚ್, ಅಗ್ಗದ ಫೋನನ್ನೇ ಕಣ್ಣ ಮುಂದಿಟ್ಟುಕೊಂಡು ಮಾಡಿದ ಚಿತ್ರ. ಅದನ್ನು ಕೀಳಾಗಿ ನೋಡುವ ಪಬ್‌ಜಿ ಅಭಿಮಾನಿಗಳು ನಮ್ಮಲ್ಲಿ ಬಹಳ. ಅವರ ಅಭಿರುಚಿಯನ್ನು ನಾನು ಅಲ್ಲಗಳೆಯುವುದಿಲ್ಲ, ಎರಂಗೆಲ್‌ನ ವಿಸ್ತಾರ ಕೊಡುವ ಒಂಟಿತನದ ಭಯ ಫ್ರೀ ಫೈರಿನಲ್ಲಿ ಸಿಗದು. ಆದರೆ ಎಲ್ಲರ ಫೋನಿಗೂ ಇಳಿಯುವ ಆಟ ಕಟ್ಟುವುದು ಕಷ್ಟದ ಕಸುಬು. ಅದಕ್ಕೆ ಸಲ್ಲಬೇಕಾದ ಗೌರವ ಸಲ್ಲಬೇಕು. 2022ರ ಫೆಬ್ರುವರಿ 14ರಂದು ಫ್ರೀ ಫೈರ್ ಮೇಲೂ ನಿಷೇಧ ಬಿತ್ತು. ಉಳಿದದ್ದು ಅದರ ಭಾರದ ಆವೃತ್ತಿ, ಫ್ರೀ ಫೈರ್ ಮ್ಯಾಕ್ಸ್. ಎರಡು ನಿಷೇಧಗಳ ಕಾರಣ ಏನೇ ಇರಲಿ, ಎರಡರಲ್ಲೂ ಹಗುರವಾದದ್ದು ಹೋಗಿ ಭಾರವಾದದ್ದೇ ನಮ್ಮ ಪಾಲಿಗೆ ಉಳಿಯಿತು.

ಹೋದದ್ದು ಇನ್ನೊಂದಿದೆ. ಶೇರ್‌ಇಟ್, ಝೆಂಡರ್ ಇದ್ದ ಕಾಲದಲ್ಲಿ ಒಬ್ಬನು ಆಟ ಇಳಿಸಿಕೊಂಡರೆ ಉಳಿದವರು ಇಂಟರ್‌ನೆಟ್ ಖರ್ಚಿಲ್ಲದೆ ಫೋನಿನಿಂದ ಫೋನಿಗೆ ಹಾಕಿಕೊಳ್ಳುತ್ತಿದ್ದರು. ಆ್ಯಪ್‌ನ ಎಪಿಕೆ ಫೈಲು ಒಂದೇ ಕಳಿಸಿದರೆ ಸಾಲದು, ಆಟದ ಸಾಮಗ್ರಿ ತುಂಬಿದ ಓಬಿಬಿ ಫೈಲನ್ನೂ ಸರಿಯಾದ ಫೋಲ್ಡರಿನಲ್ಲಿ ಇಡಬೇಕು ಎಂಬುದು ಎಸ್ಸೆಸ್ಸೆಲ್ಸಿ ಹುಡುಗರಿಗೂ ಬಾಯಿಪಾಠವಾಗಿತ್ತು. ದೊಡ್ಡ ಆಟವನ್ನು ಸಣ್ಣ ಊರು ಹಂಚಿಕೊಂಡು ಹೊತ್ತ ರೀತಿ ಅದು. ಆ ಎರಡೂ ಆ್ಯಪ್‌ಗಳು 2020ರ ಜೂನ್ 29ರ ನಿಷೇಧದ ಮೊದಲ ಪಟ್ಟಿಯಲ್ಲೇ ಹೋದವು. ಈಗಿನ ಆಟದಲ್ಲಿ ಒಳಗೆ ಹೋದ ಮೇಲೆ ತುಂಡು ತುಂಡಾಗಿ ಪ್ಯಾಕ್‌ಗಳು ಇಳಿಯುವುದರಿಂದ ಹಾಗೆ ಹಂಚುವುದೂ ಮೊದಲಿನಷ್ಟು ಸಲೀಸಲ್ಲ. ದಿನಕ್ಕೆ 1.5 ಜಿಬಿಯ ರೀಚಾರ್ಜ್ ಹಾಕಿಸಿದವನಿಗೆ ಅಪ್‌ಡೇಟ್ ದಿನ ಇಡೀ ದಿನದ ನೆಟ್ ಅದಕ್ಕೇ ಸರಿ. ಇಳಿದ ಫೈಲು ಬಿಚ್ಚಿ ಕೂರುವವರೆಗೆ ಹಳೆಯದಕ್ಕೂ ಹೊಸದಕ್ಕೂ ಒಟ್ಟಿಗೇ ಜಾಗ ಬೇಕು. 32 ಜಿಬಿ ಎಂದು ಡಬ್ಬಿಯ ಮೇಲೆ ಬರೆದ ಫೋನಿನಲ್ಲಿ ಬಹುಪಾಲು ಜಾಗವನ್ನು ಸಿಸ್ಟಮ್, ವಾಟ್ಸ್‌ಆ್ಯಪ್, ಕ್ಯಾಮೆರಾ ಮೊದಲೇ ಹಿಡಿದಿರುತ್ತವೆ.

ಭಾರ ಅನಿವಾರ್ಯ ಎನ್ನುವವರಿಗೆ ಹೊರಗಿನ ಉದಾಹರಣೆ ಕೊಡುತ್ತೇನೆ. 2014ರ ಟೈಟನ್‌ಫಾಲ್ ಕಂಪ್ಯೂಟರಿನಲ್ಲಿ 48 ಜಿಬಿ ಹಿಡಿಯುತ್ತಿತ್ತು. ಅದರಲ್ಲಿ 35 ಜಿಬಿ ಬರೀ ಧ್ವನಿ. ದುರ್ಬಲ ಪ್ರೊಸೆಸರಿಗೆ ಧ್ವನಿ ಬಿಚ್ಚುವ ಕೆಲಸ ತಪ್ಪಲಿ ಎಂದು ಸಂಕೋಚನವೇ ಇಲ್ಲದೆ ಇಟ್ಟಿದ್ದರು. 2019ರ ಕಾಲ್ ಆಫ್ ಡ್ಯೂಟಿ: ಮಾಡರ್ನ್ ವಾರ್‌ಫೇರ್ ಬಿಡುಗಡೆಯ ದಿನವೇ 175 ಜಿಬಿ ಕೇಳಿತು. ಇವೆಲ್ಲಕ್ಕಿಂತ ದೊಡ್ಡ ಪಾಠ ಹೆಲ್‌ಡೈವರ್ಸ್ 2ರದು. ಸ್ವೀಡನ್ನಿನ ಆ್ಯರೋಹೆಡ್ ಸ್ಟುಡಿಯೊ 2024ರ ಫೆಬ್ರುವರಿಯಲ್ಲಿ ತಂದ, ನಾಲ್ವರು ಸೇರಿ ಆಡುವ ಶೂಟರ್ ಅದು. ಕಂಪ್ಯೂಟರಿನಲ್ಲಿ ಅದು ಬೆಳೆದು 154 ಜಿಬಿ ಆಗಿತ್ತು. ತಿರುಗುವ ತಟ್ಟೆಯ ಹಳೆಯ ಹಾರ್ಡ್‌ಡಿಸ್ಕ್‌ನಲ್ಲಿ ಓದುವ ಸೂಜಿ ಅಲ್ಲಿಂದಿಲ್ಲಿಗೆ ಓಡಾಡಬಾರದೆಂದು ಅದೇ ಫೈಲುಗಳ ನಕಲನ್ನು ಹಲವು ಕಡೆ ಇಟ್ಟಿದ್ದೇ ಕಾರಣ. ಅಳೆದು ನೋಡಿದರೆ ಹಾರ್ಡ್‌ಡಿಸ್ಕ್ ಬಳಸುವವರು ನೂರರಲ್ಲಿ ಹನ್ನೊಂದು ಜನ. ಅವರಲ್ಲೂ ಸಮಯ ಹೋಗುತ್ತಿದ್ದದ್ದು ಹೆಚ್ಚಾಗಿ ನಕ್ಷೆ ಹೆಣೆಯುವ ಲೆಕ್ಕಾಚಾರಕ್ಕೆ, ಫೈಲು ಓದುವುದಕ್ಕಲ್ಲ. 2025ರ ಡಿಸೆಂಬರಿನಲ್ಲಿ ನಕಲು ತೆಗೆದುಹಾಕಿದರು. ಆಟ 23 ಜಿಬಿಗೆ ಇಳಿಯಿತು. ಒಂದು ಶತ್ರುವೂ ಕಡಿಮೆಯಾಗಲಿಲ್ಲ, ಒಂದು ಬಂದೂಕೂ ಹೋಗಲಿಲ್ಲ. 131 ಜಿಬಿ ಒಂದು ಅಂದಾಜಿನ ಮೇಲೆ ನಿಂತಿತ್ತು, ಆ ಅಂದಾಜನ್ನು ಅಳೆಯಲು ಸುಮಾರು ಎರಡು ವರ್ಷ ಹಿಡಿಯಿತು.

ತೀರ ಆಚೆಯ ತುದಿಯೂ ಇದೆ. 2004ರಲ್ಲಿ ಜರ್ಮನಿಯ ಕೆಲವು ಪ್ರೋಗ್ರಾಮರುಗಳು ಕ್ರೀಗರ್ ಎಂಬ ಶೂಟರ್ ಅನ್ನು 96 ಕೆಬಿಯಲ್ಲಿ ಮಾಡಿ ತೋರಿಸಿದರು. ಚಿತ್ರಗಳನ್ನು ಇಡುವ ಬದಲು ಚಿತ್ರ ಬರೆಯುವ ಸೂತ್ರಗಳನ್ನಷ್ಟೇ ಇಟ್ಟು ಉಳಿದದ್ದನ್ನು ಯಂತ್ರದಿಂದ ಮಾಡಿಸಿದರು. ಅದ್ಭುತವೇ, ಆದರೆ ಅದಕ್ಕೆ ಆ ಕಾಲಕ್ಕೆ ದುಬಾರಿಯಾದ ಕಂಪ್ಯೂಟರು ಬೇಕಿತ್ತು. ಜಾಗದಲ್ಲಿ ಉಳಿಸಿದ್ದನ್ನು ಪ್ರೊಸೆಸರಿಗೆ, ರ್‍ಯಾಮಿಗೆ ತೆತ್ತರು. ಅಗ್ಗದ ಫೋನಿಗೆ ಆ ದಾರಿಯೂ ಆಗದು, ಬಿಸಿಯಾಗಿ ಬ್ಯಾಟರಿ ಇಳಿದೀತು.

ಹೀಗೆಂದು ಬಿಜಿಎಂಐಯಿಂದ ಪವಾಡ ಕೇಳುತ್ತಿಲ್ಲ. ಸ್ಮೂತ್ ಆಯ್ದುಕೊಂಡವನ ಫೋನಿನಿಂದ ಅವನು ಎಂದೂ ನೋಡದ ಟೆಕ್ಸ್ಚರ್‌ಗಳನ್ನು ಆಟವೇ ಪೂರ್ತಿ ತೆಗೆದುಹಾಕಲಿ. ಮುಗಿದ ಥೀಮಿನ ಫೈಲುಗಳು ಆಟಗಾರ ಹುಡುಕಿ ಅಳಿಸುವ ಮೊದಲೇ ಹೋಗಲಿ. ಬೇರೆಯವರ ಉಡುಪು ನನಗೆ ಬೇಡ ಎನ್ನಲು ಒಂದೇ ಗುಂಡಿ ಇರಲಿ. ಪ್ಲೇ ಸ್ಟೋರಿನಲ್ಲಿ ಕಾಣುವ ಗಾತ್ರ ಮೊದಲ ಡೌನ್‌ಲೋಡ್‌ನದು ಮಾತ್ರ. ಆಮೇಲೆ ಇಳಿಯುವ ಪ್ಯಾಕ್, ಒಂದು ನಕ್ಷೆ, ಅಪ್‌ಡೇಟ್ ಬಿಚ್ಚಲು ಬೇಕಾಗುವ ಖಾಲಿ ಜಾಗ ಎಲ್ಲ ಕೂಡಿ ಎಷ್ಟು ಜಿಬಿ ಎಂದು ಇನ್‌ಸ್ಟಾಲ್ ಒತ್ತುವ ಮೊದಲೇ ಒಂದು ಸಾಲಿನಲ್ಲಿ ಬರೆಯಲಿ. ಆಮೇಲೆ 60 ಜನರ, ಒಂದೇ ನಕ್ಷೆಯ ಲೈಟ್ ಬಗ್ಗೆ ಮಾತಾಡೋಣ.