ಜಾಲಪತ್ರಿಕೆಯ ಕವಿತೆ ಮತ್ತು ಪಾಠನಿರ್ಣಯ

ಸಣ್ಣ ಪತ್ರಿಕೆಗಳನ್ನು ಬಿಟ್ಟು ನವ್ಯಕಾವ್ಯದ ಚರಿತ್ರೆಯನ್ನು ಬರೆಯುವುದು ಶಕ್ಯವಲ್ಲ. ಗೋಪಾಲಕೃಷ್ಣ ಅಡಿಗರು 1962ರಲ್ಲಿ ಆರಂಭಿಸಿದ ‘ಸಾಕ್ಷಿ’ಯನ್ನಾಗಲಿ, 1964ರಲ್ಲಿ ಚಂದ್ರಶೇಖರ ಪಾಟೀಲ, ಗಿರಡ್ಡಿ ಗೋವಿಂದರಾಜ, ಸಿದ್ಧಲಿಂಗ ಪಟ್ಟಣಶೆಟ್ಟಿ ಇವರು ಧಾರವಾಡದಲ್ಲಿ ಕೂಡಿ ಹೊರಡಿಸಿದ ‘ಸಂಕ್ರಮಣ’ವನ್ನಾಗಲಿ ಪರಿಶೀಲಿಸಹೊರಟವರಿಗೆ ಒಂದು ಸೌಕರ್ಯವುಂಟು. ಸಂಚಿಕೆಯೆಂಬುದೊಂದಿದೆ, ಅದಕ್ಕೆ ಕಾಲದ ಗುರುತಿದೆ, ಯಾವ ಕವಿತೆ ಯಾವ ವಿಮರ್ಶೆಯ ನೆರೆಯಲ್ಲಿ ಅಚ್ಚಾಯಿತೆಂಬುದನ್ನು ಇಂದಿಗೂ ನೋಡಬಹುದು.

1996ರಲ್ಲಿ ಯು. ಬಿ. ಪವನಜ ಅವರು ‘ವಿಶ್ವಕನ್ನಡ’ವನ್ನು ಅಂತರಜಾಲದಲ್ಲಿ ಆರಂಭಿಸಿದರು. ಅನಂತರ ಬಂದ ‘ಕೆಂಡಸಂಪಿಗೆ’, ‘ಅವಧಿ’ ಮೊದಲಾದವು ಕವಿತೆಗೆ ಧಾರಾಳವಾಗಿ ಸ್ಥಳವಿತ್ತವು. ಪುಟಗಳಿಗೆ ಮಿತಿಯಿಲ್ಲದೆಡೆ ಸಂಪಾದಕನ ನಿಷ್ಠುರತೆ ಸಡಿಲವಾಗುತ್ತದೆಂಬ ಆಕ್ಷೇಪ ಸಾಮಾನ್ಯವಾದುದು. ಅದರಲ್ಲಿ ಸತ್ಯಾಂಶವಿದ್ದರೂ ನಾವು ಅದನ್ನು ದೊಡ್ಡದು ಮಾಡಲೊಲ್ಲೆವು. ದುರ್ಬಲ ಕವಿತೆಗಳು ಅಚ್ಚಿನ ಪತ್ರಿಕೆಗಳಲ್ಲಿಯೂ ವಿರಳವೇನಲ್ಲ. ನಿಜವಾದ ತೊಡಕು ಪಾಠಕ್ಕೆ ಸಂಬಂಧಿಸಿದುದು.

ಯೂನಿಕೋಡ್‌ನ ಮೊದಲ ಆವೃತ್ತಿಯಲ್ಲಿಯೇ, ಅಂದರೆ 1991ರಲ್ಲಿಯೇ, ಕನ್ನಡ ಲಿಪಿ ಸೇರಿತ್ತು. ಆದರೆ ಅದು ಬಳಕೆಗೆ ಬರಲು ಹತ್ತು ವರ್ಷಕ್ಕೂ ಮಿಕ್ಕಿ ಹಿಡಿಯಿತು. ಅಲ್ಲಿಯವರೆಗೆ ರೋಮನ್ ಅಕ್ಷರಗಳ ಸ್ಥಾನದಲ್ಲಿ ಕನ್ನಡದ ತುಣುಕುಗಳನ್ನು ಕೂರಿಸಿದ ಬೇರೆಬೇರೆ ಫಾಂಟುಗಳೇ ಗತಿ. ಆ ಫಾಂಟು ಇಲ್ಲದ ಯಂತ್ರದಲ್ಲಿ ಅಂದಿನ ಕವಿತೆ ಅರ್ಥವಿಲ್ಲದ ರೋಮನ್ ಸಾಲುಗಳಾಗಿ ಕಾಣುತ್ತದೆ. ಪರಿವರ್ತಿಸುವಾಗ ಒಂದು ಒತ್ತಕ್ಷರ ತಪ್ಪಿದರೂ ದ್ವಿತೀಯಾಕ್ಷರಪ್ರಾಸ ಕೆಡುತ್ತದೆ. ಇನ್ನು, ಫೋನಿನ ಕಿರಿದಾದ ತೆರೆಯಲ್ಲಿ ಸಾಲು ತುಂಡಾದಾಗ ಮುರಿದವನು ಕವಿಯೋ ಯಂತ್ರವೋ ತಿಳಿಯುವಂತಿಲ್ಲ. ಸಾಲಿನ ನಿಲುಗಡೆಯಲ್ಲಿಯೇ ಧ್ವನಿಯನ್ನಿಡುವ ಛಂದೋಮುಕ್ತ ಕವಿತೆಗೆ ಇದು ಅಲ್ಪ ಹಾನಿಯಲ್ಲ.

ವಿಜಯನಗರದಿಂದ ಜ್ಞಾನಭಾರತಿಗೆ ಬರುತ್ತಿದ್ದ ವಿದ್ಯಾರ್ಥಿನಿಯೊಬ್ಬರು ಜಾಲಪತ್ರಿಕೆಯೊಂದರ ಕವಿತೆಯನ್ನು ತಮ್ಮ ಪ್ರಬಂಧದಲ್ಲಿ ವಿವೇಚಿಸಿದ್ದರು. ತಾಯಿಯ ಮೌನವನ್ನು ಕುರಿತ ಕೊನೆಯ ಮೂರು ಸಾಲುಗಳನ್ನೇ ಅವರ ವಾದ ಆಶ್ರಯಿಸಿತ್ತು. ಪರೀಕ್ಷಕರು ನೋಡುವ ವೇಳೆಗೆ ಆ ಸಾಲುಗಳಿರಲಿಲ್ಲ. ಕವಿ ತಿದ್ದಿದ್ದರು, ತಿದ್ದಿದ ದಿನದ ಗುರುತು ಮಾತ್ರ ಎಲ್ಲಿಯೂ ಇರಲಿಲ್ಲ. ತಿದ್ದುವ ಹಕ್ಕು ಕವಿಯದು, ನಿಜ. ನಮ್ಮ ಅಭಿಪ್ರಾಯದಲ್ಲಿ ಕವಿತೆ ಅದರಿಂದ ಬಿಗಿಯಾಯಿತು ಕೂಡ. ಆದರೆ ಆ ಬಿಗಿ ಹೇಗೆ ಬಂತೆಂಬುದನ್ನು ತೋರಿಸಬೇಕಾದ ವಿಮರ್ಶಕನಿಗೆ ಹಳೆಯ ಪಾಠವೇ ಆಧಾರವಲ್ಲವೆ?

ಡಿ. ಎಲ್. ನರಸಿಂಹಾಚಾರ್ಯರ ‘ಕನ್ನಡ ಗ್ರಂಥಸಂಪಾದನೆ’ಯನ್ನು ಓಲೆಗರಿಯ ಶಾಸ್ತ್ರವೆಂದು ನಮ್ಮ ತರಗತಿಗಳಲ್ಲಿ ಬೇಗಬೇಗ ಮುಗಿಸುವುದುಂಟು. ಲಿಪಿಕಾರನ ಸ್ಖಾಲಿತ್ಯ, ಲುಪ್ತಪಾಠ, ಪಾಠಾಂತರ ಇವೆಲ್ಲ ಈಗ ಹೊಸ ವೇಷದಲ್ಲಿ ಮರಳಿವೆ. ಓಲೆಯ ಪ್ರತಿಕಾರನು ಹಳೆಯ ಪ್ರತಿಯನ್ನು ಅಳಿಸಿ ಅದರ ಮೇಲೆಯೇ ಬರೆಯುತ್ತಿರಲಿಲ್ಲವೆಂಬುದಷ್ಟೇ ಭೇದ. ಜಾಲಪತ್ರಿಕೆಗಳ ಕವಿತೆಗಳನ್ನು ದಿನಾಂಕಸಹಿತ ಪ್ರತಿಮಾಡಿ, ಪಾಠಾಂತರಗಳೊಡನೆ ಕಾದಿಡುವ ಕೆಲಸವನ್ನು ಕನ್ನಡ ವಿಭಾಗಗಳೇ ವಹಿಸಿಕೊಳ್ಳಬೇಕು.

ಆ ವಿದ್ಯಾರ್ಥಿನಿ ಮೊದಲ ಪಾಠವನ್ನು ಕಾಗದದ ಮೇಲೆ ಮುದ್ರಿಸಿಟ್ಟಿದ್ದರು. ನಮಗೆ ತಿಳಿದಮಟ್ಟಿಗೆ ಆ ಮೂರು ಸಾಲುಗಳಿಗೆ ಈಗ ಉಳಿದಿರುವುದು ಅದೊಂದೇ ಪ್ರತಿ.