ಸಾವನದುರ್ಗದ ಬಂಡೆಯೂ ಅರ್ನೆಸ್ಟ್ ಡೇ ಅವರ ಛಾಯಾಗ್ರಹಣವೂ

ಚಲಚ್ಚಿತ್ರಗಳನ್ನು ವಿಮರ್ಶಿಸುವವರು ಕಥೆಯನ್ನೂ ನಟರನ್ನೂ ಕುರಿತು ಬರೆಯುವಷ್ಟು ಛಾಯಾಗ್ರಾಹಕರನ್ನು ಕುರಿತು ಬರೆಯುವುದಿಲ್ಲ. ಚರಿತ್ರೆಯ ಅಭ್ಯಾಸಿಗಳಿಗಾದರೋ ಛಾಯಾಗ್ರಾಹಕನ ಕೆಲಸವೇ ಮೊದಲು ಪರಿಶೀಲನಾರ್ಹವಾದುದು. ಒಂದು ಸ್ಥಳವು ಪ್ರೇಕ್ಷಕರ ನೆನಪಿನಲ್ಲಿ ಯಾವ ರೂಪದಿಂದ ನಿಲ್ಲುವುದೆಂಬುದು ಬಹುಮಟ್ಟಿಗೆ ಅವನನ್ನೇ ಅವಲಂಬಿಸಿದೆ. ಮಾಗಡಿ ತಾಲ್ಲೂಕಿನ ಸಾವನದುರ್ಗವನ್ನೂ ರಾಮನಗರದ ರಾಮದೇವರ ಬೆಟ್ಟವನ್ನೂ ಚಿತ್ರಿಸಿದ ಆಂಗ್ಲ ಛಾಯಾಗ್ರಾಹಕ ಅರ್ನೆಸ್ಟ್ ಡೇ (1927–2006) ಅವರ ವೃತ್ತಿಜೀವನವು ಇದಕ್ಕೆ ನಿದರ್ಶನವಾಗಿದೆ.

ಡೇ ಅವರು ಬಹುಕಾಲ ಮತ್ತೊಬ್ಬರ ಕೈಕೆಳಗೆ ದುಡಿದವರು. ಡೇವಿಡ್ ಲೀನ್ ಅವರ 'ಲಾರೆನ್ಸ್ ಆಫ್ ಅರೇಬಿಯ' (1962), 'ಡಾಕ್ಟರ್ ಝಿವಾಗೊ' (1965), 'ರಯಾನ್ಸ್ ಡಾಟರ್' (1970) ಎಂಬ ಮೂರು ಚಿತ್ರಗಳಲ್ಲಿಯೂ ಬೆಳಕನ್ನು ಯೋಜಿಸಿದವರು ಫ್ರೆಡ್ಡಿ ಯಂಗ್. ಕ್ಯಾಮೆರಾ ನಡೆಸಿದವರು ಡೇ. ಮೂರಕ್ಕೂ ಆಸ್ಕರ್ ಪ್ರಶಸ್ತಿ ಸಂದದ್ದು ಯಂಗ್ ಅವರಿಗೆ. ಲೀನ್ ಅವರ ಚಿತ್ರವೊಂದರ ಛಾಯಾಗ್ರಹಣದ ಪೂರ್ಣ ಹೊಣೆ ಡೇ ಅವರಿಗೆ ದೊರೆತದ್ದು 1984ರ 'ಎ ಪ್ಯಾಸೇಜ್ ಟು ಇಂಡಿಯ'ದಲ್ಲಿ. ಅದಕ್ಕಾಗಿ ಅವರೂ ಆಸ್ಕರ್‌ಗೆ ನಾಮನಿರ್ದೇಶಿತರಾದರು.

ಈ ಚಿತ್ರದ 'ಮರಬಾರ್' ಬೆಟ್ಟಗಳೇ ನಮ್ಮ ಈ ಬೆಟ್ಟಗಳು. ಇದೇ ರಾಮದೇವರ ಬೆಟ್ಟದ ಸೀಮೆಯನ್ನು 'ಶೋಲೆ'ಗಾಗಿ (1975) ಚಿತ್ರಿಸಿದ ದ್ವಾರಕಾ ದಿವೇಚಾ ಅವರಲ್ಲಿ ಬಂಡೆಯು ದರೋಡೆಕೋರರ ಅಡಗುದಾಣ, ಸಾಹಸದ ಹಿನ್ನೆಲೆ. ಡೇ ಅವರಲ್ಲಿ ಅದು ತಾನೇ ಒಂದು ಪಾತ್ರ. ವಿಶಾಲವಾದ ಬೋಳು ಬಂಡೆಯೆದುರು ಆನೆಯೂ ಯಾತ್ರಿಕರೂ ಹುಳುಗಳಂತೆ ಕಾಣುತ್ತಾರೆ. ಅಲಂಕಾರಕ್ಕೆ ಒಳಗಾಗದ ಆ ಬಿಸಿಲು ಮನುಷ್ಯನ ಅಲ್ಪತೆಯನ್ನು ಮಾತಿಲ್ಲದೆ ಹೇಳುತ್ತದೆ. ಮರುಭೂಮಿಯನ್ನು ಕ್ಯಾಮೆರಾದಲ್ಲಿ ಹಿಡಿದ ಕಣ್ಣು ಇಲ್ಲಿ ಕಲ್ಲನ್ನು ಅರಿತಿದೆ.

ಆದರೆ ಈ ಗುಣವೇ ಒಂದು ದೋಷಕ್ಕೂ ಎಡೆಮಾಡಿದೆ. ಫಾರ್ಸ್ಟರ್ ಅವರ ಕಾದಂಬರಿಯ (1924) ಮರಬಾರ್‌ಗೆ ಮೂಲವಾದ ಬಿಹಾರದ ಬರಾಬರ್ ಗುಹೆಗಳು ಮೌರ್ಯಕಾಲದವು. ಆಜೀವಕರಿಗೆ ದಾನವಾಗಿ ಬಂದವುಗಳೆಂದು ಅಶೋಕನ ಶಾಸನಗಳೇ ಹೇಳುತ್ತವೆ. ಚಿತ್ರದ ಗುಹಾದ್ವಾರಗಳಾದರೋ ಚಿತ್ರೀಕರಣಕ್ಕಾಗಿ ಕೊರೆದವು. ಇತ್ತ ಸಾವನದುರ್ಗಕ್ಕೂ ತನ್ನದೇ ಚರಿತ್ರೆಯಿದೆ: ಮಾಗಡಿಯ ಕೆಂಪೇಗೌಡರ ವಂಶದವರು ಆಳಿದ, 1791ರ ಡಿಸೆಂಬರಿನಲ್ಲಿ ಕಾರ್ನ್‌ವಾಲಿಸನ ಸೈನ್ಯವು ಟಿಪ್ಪುವಿನಿಂದ ಗೆದ್ದುಕೊಂಡ ದುರ್ಗವಿದು. ಬಂಡೆಯನ್ನು ಕಾಲಾತೀತವೆಂಬಂತೆ ತೋರಿಸುವ ಬೆಳಕು ಬರಾಬರಿನ ಶಾಸನವನ್ನೂ ಸಾವನದುರ್ಗದ ಕೋಟೆಯನ್ನೂ ಏಕಕಾಲದಲ್ಲಿ ಮರೆಸಿತು. ಇದರ ಹೊಣೆ ಛಾಯಾಗ್ರಾಹಕರೊಬ್ಬರದೇ ಅಲ್ಲ. ಆದರೂ ಅವರ ಕೌಶಲವಿಲ್ಲದಿದ್ದರೆ ಈ ಮರೆವು ಇಷ್ಟು ಸುಂದರವಾಗುತ್ತಿರಲಿಲ್ಲ.

ರಾಮನಗರ, ಚನ್ನಪಟ್ಟಣ, ಕನಕಪುರ, ಮಾಗಡಿಗಳ ಕಾಲೇಜುಗಳಲ್ಲಿ ಚರಿತ್ರೆಯನ್ನು ಬೋಧಿಸುವವರು ಈ ಚಿತ್ರವನ್ನು ವಿದ್ಯಾರ್ಥಿಗಳಿಗೆ ತೋರಿಸಬೇಕೆಂದೇ ನಮ್ಮ ಅಭಿಪ್ರಾಯ. ತೋರಿಸಿದ ಬಳಿಕ ಅವರನ್ನು ಬೆಟ್ಟಕ್ಕೂ ಕರೆದೊಯ್ಯಬೇಕು. ಬಂಡೆಯ ಸ್ವಭಾವಕ್ಕೆ ಡೇ ಅವರ ಚಿತ್ರ ನಂಬತಕ್ಕ ಸಾಕ್ಷಿ. ಅದರ ಚರಿತ್ರೆಗೆ ಅಲ್ಲ. ಈ ಎರಡನ್ನು ಬೇರ್ಪಡಿಸಿ ನೋಡಲು ಕಲಿತ ವಿದ್ಯಾರ್ಥಿಯು ಆಧಾರಗಳ ಪರೀಕ್ಷೆಯ ಮೊದಲ ಪಾಠವನ್ನು ಕಲಿತಂತೆಯೇ ಸರಿ.